ದೊಡ್ಡದಾದ ಪಾತ್ರ

ಶಹಾಪುರದ ಅಂಬ್ರಪ್ಪ ಸಾಯುವುದರಲ್ಲಿ ಪಳಗಿದವನು. ಗುಂಡು ತಗಲಿ ಸತ್ತಿದ್ದಾನೆ, ಲಾರಿ ಹಾಯ್ದು ಸತ್ತಿದ್ದಾನೆ, ನಾಯಕನ ಒಂದೇ ಏಟಿಗೆ ತರಕಾರಿ ಗಾಡಿಯ ಮೇಲೆ ಹಾರಿ ಬಿದ್ದು ಸತ್ತಿದ್ದಾನೆ. ಒಮ್ಮೆಯಂತೂ ಖಳನಾಯಕನಿಗೆ ಸಿಟ್ಟು ಬಂದು ಕೈಗೆ ಸಿಕ್ಕ ಯಾರನ್ನಾದರೂ ಕೊಲ್ಲಲೇಬೇಕಾಗಿ ಬಂದಾಗ, ಅವನ ಎಡಗಡೆ ನಿಂತಿದ್ದ ತಪ್ಪಿಗೆ ಸತ್ತಿದ್ದಾನೆ. ಇಷ್ಟು ವರ್ಷ ಸಿನಿಮಾದಲ್ಲಿ ಅವನಿಗೆ ಸಿಕ್ಕಿದ್ದೆಲ್ಲ ಇಂಥವೇ: ಪೇದೆ, ಕೈದಿ, ಗೌಡನ ಮನೆಯ ಆಳು, ರೌಡಿಯ ಬೆನ್ನ ಹಿಂದೆ ತೋಳು ಕಟ್ಟಿ ನಿಲ್ಲುವವನು. ಮಧ್ಯಂತರ ದಾಟಿ ಬದುಕಿದ್ದು ಅಪರೂಪ. ಸಿನಿಮಾ ಮುಗಿಯುವವರೆಗೆ ಬದುಕಿದ್ದು ಒಮ್ಮೆಯೂ ಇಲ್ಲ.

ಶಹಾಪುರದ ಬಸ್ ನಿಲ್ದಾಣದ ಎದುರು ಚಹಾದ ಹೋಟೆಲ್ ಇಟ್ಟಿರುವ ಈಶಪ್ಪ ಅವನ ಜೊತೆ ಶಾಲೆ ಕಲಿತವನು. ‘ಸಾಯೋ ಅಂಬ್ರಪ್ಪ’ ಅಂತ ಊರಿಗೆಲ್ಲ ಹೆಸರು ಹಬ್ಬಿಸಿದವನೂ ಅವನೇ. ಅಂಬ್ರಪ್ಪ ಬೆಂಗಳೂರಿನಿಂದ ಬಂದು ಬಸ್ಸಿಳಿದರೆ ಸಾಕು, ಗಲ್ಲಾದಿಂದಲೇ ಕೇಳುತ್ತಿದ್ದ.

“ಲೇ ಅಂಬ್ರ್ಯಾ, ಈ ಸಲ ಯಾವಾಗ ಸಾಯ್ತಿ? ಇಂಟರ್ವಲ್‌ಕಿಂತ ಮುಂಚೆ ಇದ್ರ ಹೇಳಿಬಿಡು, ಅಷ್ಟ ನೋಡಿ ಎದ್ದು ಬರ್ತೀನಿ. ನಂಗ ಹೋಟೆಲ್ ಅದ.”

ಅಂಬ್ರಪ್ಪ ನಗುತ್ತಿದ್ದ. ನಗುವುದೂ ಅವನಿಗೆ ಗೊತ್ತಿದ್ದ ಕಸುಬೇ. ಆದರೆ ಸಾವಿಗಿಂತ ಹೆಚ್ಚು ಚುಚ್ಚುತ್ತಿದ್ದ ಸಂಗತಿ ಇನ್ನೊಂದಿತ್ತು. ಅದನ್ನು ಈಶಪ್ಪನೂ ಗಮನಿಸಿರಲಿಲ್ಲ. ಪರದೆಯ ಮೇಲೆ ಸಾಯುವ ಮುಂಚೆ ಅಂಬ್ರಪ್ಪ ಆಡುವ ಒಂದೆರಡು ಮಾತು ಅವನ ದನಿಯಲ್ಲಿ ಇರುತ್ತಿರಲಿಲ್ಲ. ಅವನ ಮಾತು ಒರಟು, ಬಿರುಸು, ಬೆಂಗಳೂರು ಕಡೆಯವರಿಗೆ ಅರ್ಥವಾಗುವುದಿಲ್ಲ ಅಂತ ಬೇರೆ ಯಾರಿಂದಲೋ ಹೇಳಿಸಿ ಕೂಡಿಸಿಬಿಡುತ್ತಿದ್ದರು. ಹುಟ್ಟೂರು ಬಳಿಚಕ್ರದ ಎರೆಹೊಲದಲ್ಲಿ ಕೂಗಿ ಕೂಗಿ ಗಟ್ಟಿಯಾದ ಗಂಟಲಿನವನ ಬಾಯಿಂದ ಮೈಸೂರು ಕಡೆಯ ಮೆತ್ತನೆಯ ಕನ್ನಡ ಹೊರಬರುವುದನ್ನು ಅವನೇ ಚಿತ್ರಮಂದಿರದಲ್ಲಿ ಕೂತು ಕೇಳಬೇಕಾಗುತ್ತಿತ್ತು. ಮುಖ ತನ್ನದು, ಹೆಣ ತನ್ನದು, ದನಿ ಮಾತ್ರ ಇನ್ಯಾರದೋ.

ಅನುಮಾನ ಅವನ ಹುಟ್ಟುಗುಣವಲ್ಲ, ಕಸುಬು ಕಲಿಸಿದ್ದು. ಸಹಾಯಕ ನಿರ್ದೇಶಕ ತಾನಾಗಿಯೇ ಬಂದು “ನಿಮ್ಮ ಸೀನು ತುಂಬಾ ಚೆನ್ನಾಗಿ ಬಂದಿದೆ ಸಾರ್” ಅಂದರೆ ಆ ಸೀನು ಹೋಯಿತು ಅಂತಲೇ ಅರ್ಥ. ಊಟದ ಹೊತ್ತಿನಲ್ಲಿ ಎಡಿಟರ್ ಎದುರಾಗಿ ಮುಖ ತಿರುಗಿಸಿದರೂ ಅದೇ. ಒಮ್ಮೆ ಒಳ್ಳೆಯದೊಂದು ದೃಶ್ಯ ಸಿಕ್ಕಿದೆ ಅಂತ ಬಾಯಿ ಬಿಟ್ಟು ಹೇಳಿದ್ದಕ್ಕೆ ಓಣಿಯ ಮಂದಿಯೆಲ್ಲ ಸಿನಿಮಾಕ್ಕೆ ಹೋಗಿದ್ದರು. ನಾಯಕನ ಭುಜದ ಹಿಂದೆ ಅವನ ಮೊಳಕೈ ಮಾತ್ರ ಕಂಡಿತ್ತು. ಈಶಪ್ಪ ಆಮೇಲೆ ಒಂದು ವರ್ಷ ಬಂದ ಗಿರಾಕಿಗಳಿಗೆಲ್ಲ ಆ ಮೊಳಕೈಯ ಅಭಿನಯವನ್ನು ವರ್ಣಿಸಿದ.

ಈಗ ಕನ್ನಡ ಸಿನಿಮಾ ಬೆಳೆದಿದೆ. ಐದು ಭಾಷೆಗಳಲ್ಲಿ ಒಂದೇ ದಿನ ಬಿಡುಗಡೆ, ದೇಶದ ಯಾವುದೋ ಮೂಲೆಯಲ್ಲಿ ಕನ್ನಡದ ನಾಯಕನ ಕಟೌಟು. ಪರದೆ ಅಗಲವಾದಷ್ಟೂ ಅಂಚಿನಲ್ಲಿ ನಿಂತವರು ಇನ್ನಷ್ಟು ಅಂಚಿಗೆ ಸರಿದರು ಅನ್ನುವುದನ್ನು ಅಂಬ್ರಪ್ಪ ಯಾರಿಗೂ ಹೇಳಲಿಲ್ಲ. ಹೇಳಿದರೆ ಹೊಟ್ಟೆಕಿಚ್ಚು ಅಂದಾರು ಅನ್ನುವ ಅನುಮಾನ.

ಅಂಥದ್ದೊಂದು ದೊಡ್ಡ ಸಿನಿಮಾ ಹೋದ ವರ್ಷ ಸುರಪುರದ ಗುಡ್ಡಗಳಿಗೆ ಬಂತು. ಹಳೆಯ ಕಾಲದ ಕತೆ. ಕಲ್ಲುಗಣಿಯೊಂದರಲ್ಲಿ ರಾತ್ರಿ ಕೊಲೆಯಾಗುತ್ತದೆ, ಕಾವಲುಗಾರನೊಬ್ಬ ಅದನ್ನು ನೋಡುತ್ತಾನೆ. ಆ ಕಾವಲುಗಾರ ಅಂಬ್ರಪ್ಪ. ಪಾತ್ರವನ್ನು ಕೊಡಿಸಿದವನು ಸಹನಿರ್ದೇಶಕ ಸಂಗಮನಾಥ. ಯಾದಗಿರಿಯ ಕಿರಾಣಿ ಅಂಗಡಿಯವರ ಮಗ, ಮೂವತ್ತು ದಾಟಿದವನು, ಸಿನಿಮಾದ ಹುಚ್ಚು ಹತ್ತಿ ಹೋದವನು ತಲೆ ಓಡಿಸಿ ಮೇಲೆ ಬಂದಿದ್ದ. ಈ ಪಾತ್ರಕ್ಕೆ ಈ ನೆಲದ ಮಾತೇ ಬೇಕು, ನಿಮ್ಮ ದನಿಯನ್ನೇ ಇಟ್ಟುಕೊಳ್ಳುತ್ತೇವೆ ಅಂತ ಅವನು ಅಂಬ್ರಪ್ಪನಿಗೆ ಮಾತು ಕೊಟ್ಟಿದ್ದ. ಕೊಲೆಯನ್ನು ನಾಯಕನಿಗೆ ಹೇಳಿ ಮುಗಿಸಿದ ಮೇಲೆ ಕಾವಲುಗಾರ ಸಾಯುತ್ತಾನೆ, ಅದು ಇದ್ದದ್ದೇ. ಆದರೆ ಸಾಯುವ ಮುಂಚೆ ಒಂದಿಡೀ ದೃಶ್ಯ ಮಾತಾಡುತ್ತಾನೆ, ಅದೂ ತನ್ನ ಬಾಯಿಂದ.

ಆ ದೃಶ್ಯದಲ್ಲಿ ಒಂದು ಸಣ್ಣ ಗೊಂದಲವಾಯಿತು. ಜೀಪು ಬಂತು, ದೀಪ ಆರಿಸಿ ಕಲ್ಲಿನ ಹಿಂದೆ ಕೂತೆ ಅಂತ ಬರೆದಿದ್ದರು. ಅಂಬ್ರಪ್ಪನ ಬಾಯಿ ತನ್ನಷ್ಟಕ್ಕೆ ತಾನೇ ಬೇರೆ ಹೇಳಿತು: “ಜೀಪ್ ಬಂತ್ರಿ. ಕಂದೀಲು ದೊಡ್ಡದು ಮಾಡಿ ಕಲ್ಲಿನ ಹಿಂದ ಕುಂತೆ.”

ಮಂಡ್ಯ ಕಡೆಯವರಾದ ನಿರ್ದೇಶಕರು ಕಟ್ ಹೇಳಿ ಎದ್ದು ಬಂದರು. ಬಚ್ಚಿಟ್ಟುಕೊಳ್ಳುವವನು ಕಂದೀಲು ದೊಡ್ಡದು ಮಾಡಿದರೆ ಸಿಕ್ಕಿಬೀಳುತ್ತಾನಲ್ಲವೇ ಅಂತ ಕೇಳಿದರು. ಯೂನಿಟ್ಟಿನವರೆಲ್ಲ ನಕ್ಕರು. ಸಂಗಮನಾಥ ವಿವರಿಸಿದ: ನಮ್ಮ ಕಡೆ ದೀಪ ಆರಿಸು ಅನ್ನುವುದಿಲ್ಲ ಸಾರ್, ಅದು ಕೆಟ್ಟ ಮಾತು. ದೊಡ್ಡದು ಮಾಡು ಅಂತೀವಿ. ಬಳೆ ಒಡೆದರೆ ಹೆಚ್ಚಿದವು ಅಂತೀವಿ, ಡಬ್ಬಿಯ ಎಣ್ಣೆ ಮುಗಿದರೂ ಹೆಚ್ಚಿತು ಅಂತೀವಿ. ಇಲ್ಲವಾದದ್ದನ್ನು ಇಲ್ಲ ಅನ್ನಲು ಬಾಯಿ ಬರುವುದಿಲ್ಲ.

ನಿರ್ದೇಶಕರು ಅಂಬ್ರಪ್ಪನನ್ನು ನೋಡಿ ಇದೇ ಇರಲಿ ಅಂದರು.

ಅಂಬ್ರಪ್ಪನ ಕಿವಿಯಲ್ಲಿ ಆಗ ಅವನವ್ವನ ದನಿ ಇತ್ತು. ಬಳಿಚಕ್ರದ ಮನೆಯಲ್ಲಿ ಕರೆಂಟಿಲ್ಲದ ಕಾಲದಲ್ಲಿ ಉಂಡು ಮಲಗುವಾಗ ಅಯ್ಯಮ್ಮ ಗೋಡೆ ಕಡೆ ಹೊರಳಿ “ಅಂಬ್ರು, ಚಿಮಣಿ ದೊಡ್ಡದು ಮಾಡಪ” ಅನ್ನುತ್ತಿದ್ದಳು. ಅವನು ಉಫ್ ಅಂತ ಊದುತ್ತಿದ್ದ.

ಕೊನೆಯ ದಿನ ಸಾವಿನ ದೃಶ್ಯ. ಬಣ್ಣ ಕಲಸಿ ಇಟ್ಟಿದ್ದರು, ಬೀಳುವ ಜಾಗದಲ್ಲಿ ಕಲ್ಲು ಆರಿಸಿ ಮಣ್ಣು ಹಾಸಿದ್ದರು. ಅಂಬ್ರಪ್ಪ ಎರಡು ಸಲ ಬಿದ್ದು ತೋರಿಸಿಯೂ ಆಗಿತ್ತು. ನಿರ್ದೇಶಕರು ಗುಡ್ಡದ ಕಡೆ ನೋಡುತ್ತ ನಿಂತವರು ಇದ್ದಕ್ಕಿದ್ದಂತೆ ತಿರುಗಿ, “ಇವತ್ತು ಇವರನ್ನ ಸಾಯ್ಸೋದು ಬೇಡ. ಪ್ಯಾಕಪ್” ಅಂದರು. ಲಾರಿಗಳು ಸಾಮಾನು ತುಂಬಿಕೊಂಡು ಹೋದವು.

ಬೇರೆ ಯಾರಿಗಾದರೂ ಇದು ಸಂತೋಷದ ಸುದ್ದಿ. ಅಂಬ್ರಪ್ಪನಿಗೆ ಅಂದಿನಿಂದ ನಿದ್ದೆ ಸರಿಯಿಲ್ಲ. ಕೊಲ್ಲದೆ ಬಿಟ್ಟರೆ ಎರಡೇ ಅರ್ಥ. ಒಂದು, ಕಾವಲುಗಾರ ಕೊನೆಯವರೆಗೆ ಬದುಕುತ್ತಾನೆ. ಇನ್ನೊಂದು, ಅವನನ್ನು ಕೊಲ್ಲುವ ಅಗತ್ಯವೇ ಬೀಳಲಿಲ್ಲ, ಯಾಕೆಂದರೆ ಅವನು ಸಿನಿಮಾದಲ್ಲೇ ಇಲ್ಲ. ಮೊದಲನೆಯದನ್ನು ನಂಬುವಷ್ಟು ಸಲುಗೆಯನ್ನು ಆ ಕಸುಬು ಅವನಿಗೆ ಕೊಟ್ಟಿರಲಿಲ್ಲ.

ತಿಂಗಳುಗಳು ಕಳೆದವು. ಬೆಂಗಳೂರಿನಿಂದ ದನಿ ಮುದ್ರಿಸಲು ಕರೆ ಬರಬೇಕಿತ್ತು, ಬರಲಿಲ್ಲ. ಪೋಸ್ಟರ್ ಬಂತು. ನಾಯಕನ ಹಿಂದೆ ಗುಡ್ಡ, ಗುಡ್ಡದ ಮೇಲೆ ಒಂದು ಚುಕ್ಕೆ ಬೆಳಕು. ಆ ಚುಕ್ಕೆ ತನ್ನ ಕಂದೀಲಿರಬಹುದೇ ಅಂತ ಅವನು ಮೊಬೈಲಿನಲ್ಲಿ ದೊಡ್ಡದು ಮಾಡಿ ನೋಡಿದ. ದೊಡ್ಡದಾದಷ್ಟೂ ಚುಕ್ಕೆ ಮಸುಕಾಯಿತು.

ಕೊನೆಗೆ ಒಂದು ಭಾನುವಾರ ಮಧ್ಯಾಹ್ನ ಸಂಗಮನಾಥನ ಫೋನು ಬಂತು. ಹಿಂದೆ ಎಲ್ಲೋ ಯಂತ್ರದ ಗದ್ದಲ. ಅಂಬ್ರಪ್ಪನ ಹೆಂಡತಿ ಸಾವಿತ್ರಿಬಾಯಿ, ದಿನಾ ಬಸ್ಸಿನಲ್ಲಿ ಸುರಪುರಕ್ಕೆ ಹೋಗಿ ಸರಕಾರಿ ಶಾಲೆಯಲ್ಲಿ ಪಾಠ ಹೇಳುವವಳು, ಸ್ಪೀಕರ್ ಹಾಕಿರಿ ಅಂತ ಸನ್ನೆ ಮಾಡಿದಳು.

“ಅಂಬ್ರಪ್ಪ ಕಾಕಾ, ಭಾಳ ದಿನಾ ಆತು ನಿಮಗ ಹೇಳಬೇಕಂತ. ನಿಮ್ಮ ಪಾತ್ರ...” ದನಿ ಒಂದು ಚಣ ನಿಂತಿತು. “ದೊಡ್ಡದು ಮಾಡ್ಯಾರ್ರಿ. ಊರಿಗೆ ಬಂದಾಗ ಕುಂತು ಮಾತಾಡ್ತೀನಿ.”

ಫೋನು ಕಟ್ಟಾಯಿತು. ಸಾವಿತ್ರಿಬಾಯಿಯ ಮುಖ ಅರಳಿತು. ಮರುದಿನ ಶಾಲೆಯಲ್ಲಿ ಹೇಳಿದಳು, ಶಾಲೆಯಿಂದ ಸುದ್ದಿ ಬಸ್ಸು ಹತ್ತಿತು, ಸಂಜೆಗೆ ಈಶಪ್ಪನ ಹೋಟೆಲಿನಲ್ಲಿ ಇಳಿಯಿತು. ಈಶಪ್ಪ ಅವತ್ತು ಚೇಷ್ಟೆ ಮಾಡದೆ ಬೆಂಚು ಒರೆಸಿ ಕೂರಿಸಿದ. ಓಣಿಯ ವಾಟ್ಸಾಪ್ ಗುಂಪಿನಲ್ಲಿ ಅಂಬ್ರಪ್ಪನ ಹಳೆಯ ಫೋಟೋಕ್ಕೆ ಯಾರೋ ಹೂವಿನ ಚೌಕಟ್ಟು ಹಾಕಿ ಕಳಿಸಿದರು. ಆ ಚೌಕಟ್ಟು ಸತ್ತವರ ಫೋಟೋಕ್ಕೆ ಹಾಕುವಂಥದ್ದೇನೋ ಅಂತ ಅಂಬ್ರಪ್ಪನಿಗೆ ಅನಿಸಿತು.

ಅವನು ಆ ವಾಕ್ಯವನ್ನು ಹಿಡಿದುಕೊಂಡು ಕೂತ. ಪಾತ್ರ ಅಂದ ಮೇಲೆ ಯಾಕೆ ನಿಂತ? ಒಳ್ಳೆಯ ಸುದ್ದಿ ಹೇಳುವವನು ಉಸಿರು ಹುಡುಕುತ್ತಾನೆಯೇ? ಅದಿರಲಿ, ಸಂಗಮನಾಥ ಆ ಸಿನಿಮಾದ ಸಹನಿರ್ದೇಶಕ. ಒಳ್ಳೆಯದಾಗಿದ್ದರೆ ‘ದೊಡ್ಡದು ಮಾಡೀವ್ರಿ’ ಅನ್ನುತ್ತಿದ್ದ. ‘ಮಾಡ್ಯಾರ’ ಅಂದ. ತಾನು ಅದರಲ್ಲಿಲ್ಲ, ಅವರು ಮಾಡಿದರು ಅಂತ ಕೈ ತೊಳೆದುಕೊಂಡ ಹಾಗಿತ್ತು ಅದು.

ಅವನು ಇದನ್ನು ಸಾವಿತ್ರಿಬಾಯಿಯ ಮುಂದೆ ಬಿಡಿಸಿ ಇಟ್ಟ. ಅವಳು ಮಕ್ಕಳ ಉತ್ತರಪತ್ರಿಕೆ ತಿದ್ದುತ್ತಿದ್ದಳು.

“ನೀವು ಪಾತ್ರಕ್ಕೂ ಚಿಮಣಿಗೂ ಗಂಟು ಹಾಕಬ್ಯಾಡ್ರಿ,” ಅಂದಳು. “ದೊಡ್ಡದು ಅಂದ್ರ ದೊಡ್ಡದು.”

“ಅಂವಾ ನಮ್ಮ ಕಡೆಯಂವ ಇದ್ದಾನ. ಬೆಂಗಳೂರಿನಂವ ಅಂದಿದ್ರ ದೊಡ್ಡದು ಅಂದ್ರ ದೊಡ್ಡದ.”

ಅವಳು ಪೆನ್ನು ಕೆಳಗಿಟ್ಟಳು. ಒಂದು ಸಲ ಅವನನ್ನು ನೋಡಿದಳು. ಮತ್ತೆ ಉತ್ತರಪತ್ರಿಕೆ ಎಳೆದುಕೊಂಡಳು. ಅಲ್ಲ ಅನ್ನದೆ ಇದ್ದದ್ದೇ ಅವನ ಅನುಮಾನಕ್ಕೆ ನೀರೆರೆಯಿತು.

ಫೋನು ಮಾಡಿದರೆ ಸಂಗಮನಾಥ ಎತ್ತಲಿಲ್ಲ. ಮೀಟಿಂಗಿನಲ್ಲಿದ್ದೇನೆ ಕಾಕಾ ಅಂತ ಮೆಸೇಜು ಬರುತ್ತಿತ್ತು. ಒಂದು ಬೆಳಿಗ್ಗೆ ಅವನ ಸ್ಟೇಟಸ್ಸಿನಲ್ಲಿ ಯಾದಗಿರಿ ಸ್ಟೇಷನ್ನಿನ ಹಳದಿ ಫಲಕದ ಚಿತ್ರ ಕಂಡಿತು. ಊರಿಗೆ ಬಂದವನು ತನಗೆ ಹೇಳಿರಲಿಲ್ಲ. ಅಂಬ್ರಪ್ಪ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಯಾದಗಿರಿಯ ಬಸ್ಸು ಹತ್ತಿದ. ಮಲಗಿದ ಬುದ್ಧನ ಹಾಗೆ ಕಾಣುವ ಶಹಾಪುರದ ಗುಡ್ಡ ಹಿಂದಕ್ಕೆ ಸರಿಯಿತು. ಇಷ್ಟು ವರ್ಷ ಆ ಗುಡ್ಡ ಕಣ್ಣಿಗೆ ಬಿದ್ದಾಗಲೆಲ್ಲ ಅವನ ಎದೆ ಹಗುರಾಗುತ್ತಿತ್ತು. ಇವತ್ತು ಆ ಮಲಗಿದವನೂ ಒಂದು ಕಣ್ಣು ತೆರೆದು ನೋಡುತ್ತಿದ್ದಾನೇನೋ ಅನಿಸಿತು. ಭೀಮಾ ಸೇತುವೆಯ ಮೇಲೆ ಬಸ್ಸು ನಿಧಾನವಾದಾಗ ಅವನು ತಾನು ಕೇಳಬೇಕಾದ ಪ್ರಶ್ನೆಯನ್ನು ಸಂಭಾಷಣೆ ಬಾಯಿಪಾಠ ಮಾಡುವಂತೆ ಮಾಡಿಕೊಂಡ.

ಸ್ಟೇಷನ್ ರಸ್ತೆಯ ಅಂಗಡಿಯಲ್ಲಿ ಸಂಗಮನಾಥನ ತಂದೆ ಸೂಗಪ್ಪ ಗಾದಿಯ ಮೇಲೆ ಕೂತಿದ್ದರು. ಹಣೆತುಂಬ ವಿಭೂತಿ, ತೂಕದ ಮಾತು. ಬರ್ರಿ ಅಂಬ್ರಪ್ಪನೋರ ಅಂತ ಕರೆದು ಕುರ್ಚಿ ಹಾಕಿಸಿದರು, ಮಗ ಬೀಗರ ಮನೆಗೆ ಹೋಗಿದ್ದಾನೆ, ಬರುವ ಹೊತ್ತಾಯಿತು ಅಂದರು. ಚಹಾ ಬಂತು. ಅಂಬ್ರಪ್ಪನದು ಕಾಗದದ ಕಪ್ಪು, ಸೂಗಪ್ಪನವರದು ಗಾಜಿನ ಲೋಟ. ಅವನ ಅನುಮಾನ ಅದಕ್ಕೂ ಒಂದು ಸುತ್ತು ಹಾಕಿತು. ಬೆಲ್ಲಕ್ಕೆ ಬಂದಿದ್ದ ಇನ್ನೊಬ್ಬ ಗಿರಾಕಿಯ ಕೈಯಲ್ಲೂ ಕಾಗದದ ಕಪ್ಪೇ ಇತ್ತು. ಆದರೆ ಆ ಗಿರಾಕಿ ಯಾರೋ, ಯಾವ ಓಣಿಯವನೋ, ಹೇಗೆ ತಿಳಿಯಬೇಕು? ಅಂಬ್ರಪ್ಪ ಚಹಾ ಕುಡಿದ. ಸಕ್ಕರೆ ಮಾತ್ರ ಸರಿಯಾಗಿತ್ತು.

ಸಂಜೆ ಇಳಿಯುತ್ತಿದ್ದಂತೆ ಕರೆಂಟು ಹೋಯಿತು. ಆಳು ಮನುಷ್ಯ ತಕ್ಕಡಿಯ ಪಕ್ಕ ಮೇಣದಬತ್ತಿ ಹಚ್ಚಿಟ್ಟ. ಸೂಗಪ್ಪ ಬೇಳೆಯ ರೇಟು, ಮಗನ ಸಿನಿಮಾ, ಹೈದರಾಬಾದಿನ ದೊಡ್ಡ ಸೆಟ್ಟು ಅಂತ ಒಂದರ ಮೇಲೊಂದು ಹೇಳುತ್ತಿದ್ದರು. ಹೈದರಾಬಾದಿನ ಸೆಟ್ಟು ಯಾವುದು ಅಂತ ಅಂಬ್ರಪ್ಪ ಕೇಳಿದ. ಹೊಸದಾಗಿ ಕಲ್ಲುಗಣಿ ಹಾಕಿದ್ದಾರಂತೆ, ಥರ್ಮಾಕೋಲಿನಲ್ಲಿ ಗುಡ್ಡ ಮಾಡಿದ್ದಾರಂತೆ ಅಂದರು ಸೂಗಪ್ಪ. ಸುರಪುರದಲ್ಲಿ ನಿಜವಾದ ಗುಡ್ಡ ಇರುವಾಗ ಥರ್ಮಾಕೋಲಿನದು ಯಾಕೆ? ಅಂಬ್ರಪ್ಪನ ಕಪ್ಪು ಕೈಯಲ್ಲೇ ಮಡಚಿಕೊಂಡಿತು.

ಅಷ್ಟರಲ್ಲಿ ಕರೆಂಟು ಬಂತು. ಸೂಗಪ್ಪ ಲೈಟಿಗೆ ಕೈಮುಗಿದು ಆಳಿನ ಕಡೆ ನೋಡದೆ ಅಂದರು:

“ಬತ್ತಿ ದೊಡ್ಡದು ಮಾಡು.”

ಆಳು ಊದಿದ. ಹೊಗೆಯ ಎಳೆಯೊಂದು ತಕ್ಕಡಿಯ ಮೇಲೆ ಎದ್ದು ಕರಗಿತು. ಅಂಬ್ರಪ್ಪ ಆ ಹೊಗೆಯನ್ನೇ ನೋಡಿದ. ಈ ಮನೆಯ ಮಾತಿದು. ಇದನ್ನು ಕೇಳುತ್ತ ಬೆಳೆದವನು ಮೊನ್ನೆ ಫೋನಿನಲ್ಲಿ ಏನು ಹೇಳಿದ ಅನ್ನುವುದಕ್ಕೆ ಇನ್ನು ಸಾಕ್ಷಿ ಬೇಕಿರಲಿಲ್ಲ.

ಸಂಗಮನಾಥ ಬಂದಾಗ ಕುರ್ಚಿಯಲ್ಲಿದ್ದವನನ್ನು ನೋಡಿ ಬಾಗಿಲಲ್ಲೇ ನಿಂತ. ತಂದೆಯ ಮುಂದೆ ಬೇಡ, ಹೊರಗೆ ಹೋಗೋಣ ಅಂತ ಕರೆದುಕೊಂಡು ಸ್ಟೇಷನ್ನಿನ ಕಡೆ ನಡೆದ. ಪ್ಲಾಟ್‌ಫಾರ್ಮಿನ ತುದಿಯ ಕಲ್ಲುಬೆಂಚಿನ ಮೇಲೆ ಇಬ್ಬರೂ ಕೂತರು. ಮುಂಬೈ ಕಡೆಯ ಗಾಡಿ ನಿಂತು, ಕಡೇಚೂರಿನ ಕಾರ್ಖಾನೆಗೆ ಕೆಲಸಕ್ಕೆ ಬಂದ ಬಿಹಾರದ ಮಂದಿಯನ್ನು ಇಳಿಸಿ ಹೋಯಿತು. ಅಂಬ್ರಪ್ಪ ಬಸ್ಸಿನಲ್ಲಿ ಬಾಯಿಪಾಠ ಮಾಡಿದ್ದು ಮರೆತುಹೋಗಿತ್ತು. ಒಂದೇ ಮಾತು ಉಳಿದಿತ್ತು.

“ಸಂಗಮನಾಥ, ಪಾತ್ರ ದೊಡ್ಡದು ಮಾಡ್ಯಾರೋ, ಇಲ್ಲಾ ದೊಡ್ಡದು ಮಾಡ್ಯಾರೋ?”

ಬೇರೆ ಊರಿನವನಾಗಿದ್ದರೆ ಇದೇನು ಪ್ರಶ್ನೆ ಅನ್ನುತ್ತಿದ್ದ. ಸಂಗಮನಾಥ ತಲೆ ತಗ್ಗಿಸಿದ.

“ಎರಡೂ ಖರೇ ಕಾಕಾ.”

ಆಮೇಲೆ ಬಿಡಿಸಿ ಹೇಳಿದ. ಆ ದಿನ ಗುಡ್ಡದ ಮೇಲೆ ನಿರ್ದೇಶಕರಿಗೆ ಕಾವಲುಗಾರನನ್ನು ಕೊಲ್ಲಲು ಮನಸ್ಸು ಬರಲಿಲ್ಲ. ಬೆಂಗಳೂರಿಗೆ ಹೋಗಿ ಕತೆ ತಿದ್ದಿದರು. ಕಾವಲುಗಾರ ಈಗ ಕೊನೆಯವರೆಗೆ ಬದುಕುತ್ತಾನೆ, ಕೋರ್ಟಿನಲ್ಲಿ ಸಾಕ್ಷಿ ಹೇಳುತ್ತಾನೆ, ಸಿನಿಮಾ ನಿಂತಿರುವುದೇ ಅವನ ಸಾಕ್ಷಿಯ ಮೇಲೆ. ಪಾತ್ರ ಅಷ್ಟು ದೊಡ್ಡದಾದ ಮೇಲೆ ದುಡ್ಡು ಹಾಕಿದವರು ಕೇಳಿದರು: ಈ ಮುಖ ಯಾರದು, ದೇಶದಲ್ಲಿ ಯಾರಿಗೆ ಗೊತ್ತು? ಮುಂಬೈಯ ಹೆಸರಾಂತ ನಟರೊಬ್ಬರನ್ನು ಕರೆಸಿದರು. ಹೈದರಾಬಾದಿನಲ್ಲಿ ಗುಡ್ಡ ಕಟ್ಟಿ ಕಾವಲುಗಾರನ ದೃಶ್ಯಗಳನ್ನೆಲ್ಲ ಮತ್ತೆ ತೆಗೆದರು.

ಅಂಬ್ರಪ್ಪ ಹಳಿಗಳನ್ನು ನೋಡುತ್ತ ಕೇಳಿದ: “ತೆಗದಾರ ಅಂತ ಸೀದಾ ಹೇಳಾಕ ಏನಾಗಿತ್ತು?”

“ನಾ ಸುಳ್ಳು ಹೇಳಿಲ್ರಿ. ನಿಮ್ಮನ್ನ ದೀಪದಂಗ ಆರಿಸ್ಯಾರ ಅಂತ ಹೆಂಗ ಅನ್ಲಿ? ನಮ್ಮ ಕಡೆಯವರು, ಅಂದ್ರ ತಿಳ್ಕೋತೀರಿ ಅಂದ್ಕೊಂಡೆ.”

“ನಾ ತಿಳ್ಕೊಂಡೆ. ಊರು ಬ್ಯಾರೆ ತಿಳ್ಕೊಂಡದ.”

ಸಂಗಮನಾಥನ ಮಾತು ಇನ್ನೂ ಮುಗಿದಿರಲಿಲ್ಲ. ಮುಗಿದಿಲ್ಲ ಅನ್ನುವುದು ಅವನು ಚಪ್ಪಲಿಯಿಂದ ನೆಲ ಕೆರೆಯುವ ರೀತಿಯಲ್ಲೇ ಅಂಬ್ರಪ್ಪನಿಗೆ ಕಾಣುತ್ತಿತ್ತು. ಎರಡು ದಾರಿ ಇವೆ ಅಂದ. ಕತೆಯಲ್ಲಿ ಹೊಸದಾಗಿ ಒಬ್ಬ ಪೇದೆ ಬಂದಿದ್ದಾನೆ, ಮೊದಲರ್ಧದಲ್ಲಿ ಗಣಿಯವರು ಅವನನ್ನು ಕೊಲ್ಲುತ್ತಾರೆ, ಆ ಪಾತ್ರವನ್ನು ನಿಮಗೇ ಇಟ್ಟಿದ್ದೇನೆ. ಇಲ್ಲವಾದರೆ ಇನ್ನೊಂದು. ಮುಂಬೈಯವರಿಗೆ ಕನ್ನಡ ಬಾರದು. ಅವರ ತುಟಿಗೆ ಕನ್ನಡದ ದನಿ ಬೇಕು. ಮೈಸೂರಿನ ದನಿ ಹಾಕಿ ನೋಡಿದರು, ಕಾವಲುಗಾರ ಕಾಲೇಜಿನ ಪ್ರೊಫೆಸರನಂತೆ ಕೇಳಿಸಿದ. ನೀವು ಹೇಳಿದರೆ ಸರಿಯಾಗುತ್ತದೆ. ಆದರೆ ಎರಡೂ ಆಗುವುದಿಲ್ಲ. ಪೇದೆಗೂ ಈ ನೆಲದ ಮಾತೇ ಬೇಕು, ಅವನ ಬಾಯಲ್ಲೂ ಕಾವಲುಗಾರನ ಬಾಯಲ್ಲೂ ಒಂದೇ ದನಿ ಬಂದರೆ ಜನ ಗುರುತು ಹಿಡಿಯುತ್ತಾರೆ.

ಹಾಗಾದರೆ ಮುಖ ಬೇಕೆಂದರೆ ಸಾಯಬೇಕು. ಬದುಕಬೇಕೆಂದರೆ ಮುಖ ಬಿಡಬೇಕು. ಅಂಬ್ರಪ್ಪ ಎದ್ದು ನಿಂತ. ಪೇದೆಯ ಪಾತ್ರವನ್ನು ಒಪ್ಪಿದರೆ ಅದನ್ನೂ ಕತ್ತರಿಸುವುದಿಲ್ಲ ಅಂತ ಏನು ನಂಬಿಕೆ? ದನಿ ಕೊಟ್ಟರೆ, ತಾನು ಗಾಡಿ ಹತ್ತಿದ ಮೇಲೆ ಇನ್ಯಾರನ್ನೋ ಕರೆಸಿ ತಿದ್ದಿಸುವುದಿಲ್ಲ ಅಂತ ಏನು ನಂಬಿಕೆ? ಇಷ್ಟು ವರ್ಷ ಅದನ್ನೇ ಮಾಡಿಕೊಂಡು ಬಂದವರಲ್ಲವೇ? ಅವನು ಇದನ್ನು ಕೇಳಿದ. ಸಂಗಮನಾಥ ನನ್ನ ಕೈಯಲ್ಲಿ ಅಷ್ಟಿಲ್ಲ ಕಾಕಾ ಅಂದ. ಆ ಉತ್ತರ ಒಂದನ್ನೇ ಅಂಬ್ರಪ್ಪ ಅವತ್ತು ಅನುಮಾನವಿಲ್ಲದೆ ನಂಬಿದ.

ಮನೆಯಲ್ಲಿ ಸಾವಿತ್ರಿಬಾಯಿ ಎಲ್ಲವನ್ನೂ ಕೇಳಿಸಿಕೊಂಡಳು. ಅವನು ಪೇದೆಯ ಕಡೆಗೇ ವಾಲುತ್ತಿದ್ದ. ಊರಿಗೆ ಮುಖ ತೋರಿಸಬೇಕಲ್ಲ, ಚೂರಾದರೂ ಪರದೆಯ ಮೇಲೆ ಕಾಣಬೇಕಲ್ಲ, ಇಲ್ಲವಾದರೆ ಈಶಪ್ಪನ ಬಾಯಿಗೆ ಇನ್ನೊಂದು ಮೊಳಕೈ ಸಿಕ್ಕ ಹಾಗೆ ಅಂದ. ಅವಳು ತನ್ನ ಬಳೆಗಳನ್ನು ತಿರುಗಿಸುತ್ತ ಅಂದಳು:

“ನೀವು ಪರದೆ ಮ್ಯಾಲ ಸತ್ತಾಗೆಲ್ಲ ಥೇಟರಿನ ಹೆಣ್ಣಮಕ್ಕಳು ನನ್ನ ಕೈ ನೋಡ್ತಾರ್ರಿ. ನಾನು ಕಣ್ಣು ಮುಚ್ಚಿ ಕುಂದಿರ್ತೀನಿ. ನಿಮಗ ಗೊತ್ತಿಲ್ಲ. ಒಂದು ಸಿನಿಮಾ ಕಣ್ಣು ತೆರಕೊಂಡು ನೋಡಬೇಕಂತ ಆಶಾ ಅದ.”

ಇಷ್ಟು ವರ್ಷ ಅವಳು ಕಣ್ಣು ಮುಚ್ಚಿದ್ದಳು ಅನ್ನುವುದು ಅವನಿಗೆ ನಿಜವಾಗಿಯೂ ಗೊತ್ತಿರಲಿಲ್ಲ. ಎಲ್ಲರನ್ನೂ ಅನುಮಾನಿಸಿದವನು ಪಕ್ಕದ ಕುರ್ಚಿಯನ್ನು ನೋಡಿರಲಿಲ್ಲ.

ಬೆಂಗಳೂರಿನಲ್ಲಿ ದನಿ ಮುದ್ರಿಸುವ ಕತ್ತಲ ಕೋಣೆಯಲ್ಲಿ ಅವನನ್ನು ಮೈಕಿನ ಮುಂದೆ ನಿಲ್ಲಿಸಿದರು. ಎದುರಿನ ಪರದೆಯ ಮೇಲೆ ಮುಂಬೈಯವರು ಅಂಬ್ರಪ್ಪನ ಹರಕು ಕೋಟು ಹಾಕಿಕೊಂಡು, ಅವನ ಕಂದೀಲು ಹಿಡಿದು ನಿಂತಿದ್ದರು. ಕೋಟು ಅದೇ ಹೌದೋ ಅಲ್ಲವೋ ಅಂತ ಅಂಬ್ರಪ್ಪ ತೋಳಿನ ತೇಪೆಯನ್ನು ಹುಡುಕಿದ. ಆ ಮನುಷ್ಯ ಒಳ್ಳೆಯ ನಟ, ಒಪ್ಪಲೇಬೇಕು. ಆದರೆ ಕಂದೀಲನ್ನು ಹಿಡಿಕೆಯಿಂದಲ್ಲ, ಗಾಜಿನ ಕೆಳಗಿನಿಂದ ಹಿಡಿದಿದ್ದ. ಸುಡುವ ಕಂದೀಲನ್ನು ಹಾಗೆ ಹಿಡಿಯುವವನು ಕರೆಂಟಿನಲ್ಲಿ ಹುಟ್ಟಿದವನು. ಅಂಬ್ರಪ್ಪ ಇನ್ನೊಬ್ಬನ ತುಟಿ ಅಲುಗುವುದನ್ನೇ ಕಾದು ತನ್ನ ಉಸಿರನ್ನು ಅದರೊಳಗೆ ತೂರಿಸಬೇಕಿತ್ತು. ಮೊದಮೊದಲು ತಪ್ಪಿತು. ಮಾತು ಮುಗಿದರೂ ತುಟಿ ಅಲುಗುತ್ತಿತ್ತು. ಗಾಜಿನಾಚೆಯ ಇಂಜಿನಿಯರು ಸ್ವಲ್ಪ ಮೆತ್ತಗೆ ಹೇಳಿ ಸಾರ್, ಒರಟಾಗುತ್ತೆ ಅಂದ. ಸಂಗಮನಾಥ ಗೋಡೆಗೆ ಒರಗಿ ನಿಂತಿದ್ದ. ಅಂಬ್ರಪ್ಪ ಮೆತ್ತಗೆ ಹೇಳಲಿಲ್ಲ. ಬಳಿಚಕ್ರದ ಹೊಲದ ಈ ತುದಿಯಿಂದ ಆ ತುದಿಗೆ ಹೇಳುವಂತೆ ಹೇಳಿದ. ಮುಗಿಸಿ ಹೊರಗೆ ಬಂದಾಗ ಇಂಜಿನಿಯರು ತಾನಾಗಿಯೇ “ತುಂಬಾ ಚೆನ್ನಾಗಿ ಬಂದಿದೆ ಸಾರ್” ಅಂದ.

ಸೀನು ಹೋದಾಗಲೆಲ್ಲ ಅಂಬ್ರಪ್ಪ ಕೇಳಿದ ಮಾತು ಅದೇ.

ಬಿಡುಗಡೆಯ ದಿನ ಶಹಾಪುರದ ಚಿತ್ರಮಂದಿರ ತುಂಬಿತ್ತು. ಅಂಬ್ರಪ್ಪ ಊರಿಗೆ ಏನನ್ನೂ ಹೇಳಿರಲಿಲ್ಲ. ಹೇಳಿದ್ದು ಉಳಿಯದಿದ್ದರೆ ಅನ್ನುವ ಹೆದರಿಕೆ. ಈಶಪ್ಪ ಹೋಟೆಲ್ ಮುಚ್ಚಿ ಬಂದು ಅವನ ಮುಂದಿನ ಸಾಲಿನಲ್ಲೇ ಕೂತಿದ್ದ. ಸುರಪುರದ ಗುಡ್ಡ ಬಂದಾಗ ಶಿಳ್ಳೆ ಬಿತ್ತು. ಜನ ಒಂದೊಂದು ಪೇದೆಯ ಮುಖವನ್ನೂ ಹುಡುಕಿದರು, ಗಣಿಯ ಕೂಲಿಗಳ ಸಾಲನ್ನು ಹುಡುಕಿದರು. ಒಬ್ಬ ಪೇದೆ ಸತ್ತ. ಅವನು ಅಂಬ್ರಪ್ಪನಲ್ಲ. ಕಾವಲುಗಾರ ಬಂದ, ಕತ್ತಲಲ್ಲಿ ಕೊಲೆ ನೋಡಿದ, ಮಾತಿಲ್ಲದೆ ಓಡಿಹೋದ.

ಮಧ್ಯಂತರದಲ್ಲಿ ದೀಪ ಹತ್ತಿದಾಗ ತಲೆಗಳು ತಿರುಗಿದವು. ಈಶಪ್ಪ ಪೂರ್ತಿ ಹೊರಳಿ ಕೂತು ಅಂಬ್ರಪ್ಪನನ್ನು ಮೇಲಿನಿಂದ ಕೆಳಗೆ ನೋಡಿದ. ಒಂದು ಚೇಷ್ಟೆಯ ಮಾತೂ ಆಡಲಿಲ್ಲ. ಇಷ್ಟು ದಿನ ಅಂಬ್ರಪ್ಪ ಜಗತ್ತನ್ನು ನೋಡುತ್ತಿದ್ದ ಕಣ್ಣಿನಿಂದ ಈಗ ಊರು ಅವನನ್ನು ನೋಡುತ್ತಿತ್ತು. ಶೇಂಗಾ ತಿನ್ನುತ್ತಿದ್ದ ಒಬ್ಬ, ದೊಡ್ಡದು ಮಾಡ್ಯಾರಂತ ಅಂತ ಪಕ್ಕದವನಿಗೆ ಹೇಳಿ ನಕ್ಕ. ಸಾವಿತ್ರಿಬಾಯಿ ಸೆರಗು ಬಿಗಿದುಕೊಂಡು ನೆಟ್ಟಗೆ ಕೂತಿದ್ದಳು. ಎದ್ದು ಹೋಗೋಣವೇ ಅಂತ ಅವನು ಕೇಳಿದ. ಅವಳು ಇಲ್ಲ ಅಂದಳು.

ಕೊನೆಗೆ ಕೋರ್ಟು. ಮುಂಬೈಯವರ ಮುಖ ಪರದೆಯ ಅಗಲಕ್ಕೂ ನಿಂತಿತು. ಎಷ್ಟು ದೊಡ್ಡ ಮುಖವೆಂದರೆ ಹುಬ್ಬಿನ ಬೆವರು ಹೊಳೆಯುತ್ತಿತ್ತು. ವಕೀಲ ಪ್ರಶ್ನೆ ಕೇಳಿದ. ತುಟಿ ಬಿಚ್ಚಿತು. ಅಂಬ್ರಪ್ಪ ಕುರ್ಚಿಯ ಕೈ ಹಿಡಿದುಕೊಂಡ. ಮೈಸೂರಿನ ದನಿ ಬಂದರೆ ಇಲ್ಲೇ ಮುಗಿಯಿತು.

“ಜೀಪ್ ಬಂತ್ರಿ. ಕಂದೀಲು ದೊಡ್ಡದು ಮಾಡಿ ಕಲ್ಲಿನ ಹಿಂದ ಕುಂತೆ.”

ಒಂದು ಚಣ ಅವನಿಗೇ ಗುರುತು ಸಿಗಲಿಲ್ಲ. ಇದು ಯಾರ ದನಿ? ಇಷ್ಟು ಒರಟು, ಇಷ್ಟು ಹತ್ತಿರದ್ದು? ಸಾವಿತ್ರಿಬಾಯಿಯ ಕೈ ಕತ್ತಲಲ್ಲಿ ಅವನ ಮಣಿಕಟ್ಟನ್ನು ಹಿಡಿಯಿತು. ಅವಳ ಕಣ್ಣು ತೆರೆದಿತ್ತು, ಪರದೆಯ ಬೆಳಕು ಅದರಲ್ಲಿ ಕಾಣುತ್ತಿತ್ತು. ಬಚ್ಚಿಟ್ಟುಕೊಳ್ಳುವವನು ಕಂದೀಲು ಯಾಕೆ ದೊಡ್ಡದು ಮಾಡಿದ ಅಂತ ಇಲ್ಲಿ ಯಾರೂ ಕೇಳಲಿಲ್ಲ. ಕಾವಲುಗಾರ ತಡೆಯಿಲ್ಲದೆ ಹೇಳುತ್ತ ಹೋದ. ಯಾರು ಇಳಿದರು, ಯಾರು ಬಿದ್ದರು, ಯಾವ ಕಲ್ಲಿನ ಮೇಲೆ ರಕ್ತವಿತ್ತು ಎಲ್ಲ ಹೇಳಿದ. ಹೇಳಿ ಮುಗಿಸಿ ಕಟಕಟೆಯಿಂದ ಇಳಿದು, ಬಾಗಿಲ ಬಿಸಿಲಿಗೆ ನಡೆದುಹೋದ. ಯಾರೂ ಅವನನ್ನು ಕೊಲ್ಲಲಿಲ್ಲ.

ಮುಂದಿನ ಸಾಲಿನಲ್ಲಿ ಈಶಪ್ಪನ ತಲೆ ನಿಧಾನವಾಗಿ ತಿರುಗಿತು. ಪರದೆಯ ಕಡೆ ಒಮ್ಮೆ, ಅಂಬ್ರಪ್ಪನ ಕಡೆ ಒಮ್ಮೆ ನೋಡಿದ. ಅಂಬ್ರಪ್ಪನ ಬಾಯಿ ಮುಚ್ಚಿತ್ತು, ಕೇಳಿದ ದನಿ ಮಾತ್ರ ಅವನದೇ.

“ಲೇ ಅಂಬ್ರ್ಯಾ,” ಅಂದ ಈಶಪ್ಪ, ಇಡೀ ಸಾಲಿಗೆ ಕೇಳುವ ಪಿಸುದನಿಯಲ್ಲಿ, “ಈ ಸಲ ಸಾಯ್ಲಿಲ್ಲಲ್ಲೋ ನೀ.”

ಅಂಬ್ರಪ್ಪ ಮುಂದಕ್ಕೆ ಬಾಗಿ ಕತ್ತಲಲ್ಲಿ ಅವನ ಮುಖವನ್ನು ಹುಡುಕಿದ. ಚೇಷ್ಟೆಯೋ, ಖರೇನೋ, ತಿಳಿಯಬೇಕಿತ್ತು.